ಗುಸ್ತಾಫ್ ಗ್ರುಂಡ್‌ಗೆನ್ಸ್: ಯಾವ ಚಿತ್ರದಿಂದ ಶುರು ಮಾಡಲಿ?

ರಂಗಾಸಕ್ತೆ:
ಜರ್ಮನ್ ನಟ ಗ್ರುಂಡ್‌ಗೆನ್ಸ್ (1899–1963) ಮುಖ್ಯವಾಗಿ ರಂಗಭೂಮಿಯವನು ಅಂತಾರೆ. ಆ ನಟನೆ ಈಗ ತೆರೆಯ ಮೇಲೆ ಎಷ್ಟು ಸಿಗುತ್ತದೆ? ನಾಜಿ ಕಾಲದ ವಿವಾದವನ್ನೂ ಸ್ವಲ್ಪ ಬಿಡಿಸಿ ಹೇಳಿ. 1981ರ ‘ಮೆಫಿಸ್ಟೊ’ ಚಿತ್ರ ಆತನದೇ ಕಥೆಯೇ?

ಹಳೇರೀಲು:
ಫ್ರಿಟ್ಸ್ ಲಾಂಗ್‌ನ ‘ಎಂ’ (1931) ಮೊದಲು ನೋಡಿ. ಕಳ್ಳರ ನಾಯಕ ಶ್ರೆಂಕರ್ ಪಾತ್ರ. ಚರ್ಮದ ಕೋಟು, ಬೌಲರ್ ಹ್ಯಾಟು, ಕೈಗವಸು. ಕಳ್ಳರ ಸಭೆಯಲ್ಲಿ ಮಾತಾಡುತ್ತಾ ಕೈ ಬೀಸುತ್ತಾನೆ, ಅಷ್ಟರಲ್ಲಿ ದೃಶ್ಯ ಪೊಲೀಸರ ಸಭೆಗೆ ಹಾರುತ್ತದೆ, ಅದೇ ಕೈಬೀಸನ್ನು ಅಲ್ಲಿನ ಮುಖ್ಯಸ್ಥ ಮುಗಿಸುತ್ತಾನೆ. ಕೈ ಎತ್ತುವುದರಲ್ಲಿ ಆ ಖಚಿತತೆ ಇರುವುದರಿಂದಲೇ ಈ ಜೋಡಣೆ ಕೂತಿದೆ. ಪಾಳು ಸಾರಾಯಿ ಕಾರ್ಖಾನೆಯ ವಿಚಾರಣೆಯಲ್ಲಿ ಮಕ್ಕಳ ಕೊಲೆಗಾರನಾಗಿ ಪೀಟರ್ ಲೊರೆ ಒದ್ದಾಡುವಾಗ ಈತ ತಣ್ಣಗೆ ನ್ಯಾಯಾಧೀಶನ ಗತ್ತಿನಲ್ಲಿರುತ್ತಾನೆ. ತುಂಡರಿಸಿದ ಪ್ರತಿಗಳೂ ಓಡಾಡುತ್ತಿವೆ. 110 ನಿಮಿಷದ ಆಸುಪಾಸಿನ, ದುರಸ್ತಿಯಾದ ಪ್ರತಿಯನ್ನೇ ಹುಡುಕಿ.

ನೇಪಥ್ಯ:
ಅಸಲಿ ಆಸ್ತಿ ಅಂದರೆ 1960ರ ‘ಫೌಸ್ಟ್’. ಹ್ಯಾಂಬರ್ಗ್‌ನ ಡಾಯ್ಚೆಸ್ ಶೌಸ್ಪೀಲ್‌ಹೌಸ್ ರಂಗಮಂದಿರದಲ್ಲಿ 1957ರಲ್ಲಿ ಆತನೇ ನಿರ್ದೇಶಿಸಿದ, ಗಯಟೆಯ ನಾಟಕ. ಚಿತ್ರಕ್ಕಿಳಿಸಿದ್ದು ದತ್ತುಮಗ ಪೀಟರ್ ಗೋರ್ಸ್ಕಿ. ವಿಲ್ ಕ್ವಾಡ್‌ಫ್ಲೀಗ್ ವಿದ್ವಾಂಸ ಫೌಸ್ಟ್, ಈತ ಅವನೊಡನೆ ಒಪ್ಪಂದ ಮಾಡಿಕೊಳ್ಳುವ ಸೈತಾನ ಮೆಫಿಸ್ಟೊ. ಬರ್ಲಿನ್‌ನಲ್ಲಿ 1932ರಿಂದಲೇ ಕೈಗೆತ್ತಿಕೊಂಡ ಪಾತ್ರ ಇದು. ಬಿಳಿ ಬಳಿದ ಮುಖ, ಮೇಲಕ್ಕೆ ಚಿಮ್ಮಿದ ಹುಬ್ಬು, ಕೆಂಪು ತುಟಿ. ಹಿಂದಿನ ಸಾಲಿಗೂ ಕಾಣಲೆಂದು ಮಾಡಿದ ಬಣ್ಣವಾದ್ದರಿಂದ ಕ್ಲೋಸಪ್‌ನಲ್ಲಿ ಅತಿಯೆನಿಸಿ ಕೆಲವರು ಹತ್ತು ನಿಮಿಷಕ್ಕೇ ಎದ್ದುಬಿಡುತ್ತಾರೆ. ದಯವಿಟ್ಟು ಕೂತು ನೋಡಿ.

ಇನ್ನೊಂದು ತೊಡಕು ಸಬ್‌ಟೈಟಲ್. ಮಾತೆಲ್ಲ ಪ್ರಾಸಬದ್ಧ ಪದ್ಯ. ಕೆಳಗಿನ ಸಾಲು ಓದುವಷ್ಟರಲ್ಲಿ ಮೇಲಿನ ಮುಖ ಬದಲಾಗಿರುತ್ತದೆ. ಒಪ್ಪಂದದ ದೃಶ್ಯವನ್ನು ಅನುವಾದದಲ್ಲಿ ಮೊದಲೇ ಓದಿಕೊಳ್ಳಿ, ಆಮೇಲೆ ಸಬ್‌ಟೈಟಲ್ ಆಫ್ ಮಾಡಿ ಎರಡು ಸಲ ನೋಡಿ: ಒಮ್ಮೆ ದನಿಗೆ, ಒಮ್ಮೆ ಕೈಗಳಿಗೆ. ಅಂದಹಾಗೆ, ಇದು ಫೌಸ್ಟ್‌ನ ಮೊದಲ ಭಾಗ ಮಾತ್ರ.

ಹಳೇರೀಲು:
ವಿವಾದದ ಬಗ್ಗೆ: 1934ರಲ್ಲಿ ನಾಜಿ ನಾಯಕ ಗೋರಿಂಗ್ ಕೈಕೆಳಗೆ ಬರ್ಲಿನ್‌ನ ಪ್ರಷ್ಯನ್ ಸರ್ಕಾರಿ ರಂಗಮಂದಿರದ ಮುಖ್ಯಸ್ಥನಾದ. ಬ್ರಿಟಿಷ್ ವಿರೋಧಿ ಪ್ರಚಾರಚಿತ್ರ ‘ಓಮ್ ಕ್ರ್ಯೂಗರ್’ನಲ್ಲಿ (1941) ಬ್ರಿಟಿಷ್ ಮಂತ್ರಿ ಜೋಸೆಫ್ ಚೇಂಬರ್ಲೇನ್ ಆಗಿ ನಟಿಸಿದ. ಅದನ್ನು ಮುಚ್ಚಿಡಬೇಕಿಲ್ಲ. ಬಂಧನದಲ್ಲಿದ್ದ ಕಮ್ಯುನಿಸ್ಟ್ ನಟ ಎರ್ನ್ಸ್ಟ್ ಬುಷ್ ಮರಣದಂಡನೆಯಿಂದ ಪಾರಾಗಲು ನೆರವಾದದ್ದೂ ನಿಜ. ಯುದ್ಧದ ನಂತರ ಸೋವಿಯೆತ್ ಸೆರೆಯಲ್ಲಿದ್ದ ಈತನ ಪರ ಬುಷ್ ಮಾತಾಡಿದ. ಎರಡನ್ನೂ ಒಟ್ಟಿಗೇ ಇಟ್ಟುಕೊಂಡು ನೋಡಬೇಕು.

‘ಮೆಫಿಸ್ಟೊ’ ಜೀವನಚರಿತ್ರೆಯಲ್ಲ. ಕ್ಲೌಸ್ ಮಾನ್ 1936ರಲ್ಲಿ ದೇಶಭ್ರಷ್ಟನಾಗಿದ್ದಾಗ ಬರೆದ ಕಾದಂಬರಿ ಅದರ ಮೂಲ. ಈತನ ಮೊದಲ ಹೆಂಡತಿ ಎರಿಕಾಳ ತಮ್ಮ ಆತ. ಕಾದಂಬರಿಯ ನಾಯಕ ಹೋಫ್‌ಗೆನ್ ಪಾತ್ರ ಗ್ರುಂಡ್‌ಗೆನ್ಸ್‌ನನ್ನೇ ಹೋಲುತ್ತದೆಂದು ದತ್ತುಮಗ ಹೂಡಿದ ದಾವೆ ಸಂವಿಧಾನ ನ್ಯಾಯಾಲಯದವರೆಗೆ ಹೋಯಿತು. 1971ರಲ್ಲಿ ಪುಸ್ತಕದ ಮೇಲಿನ ನಿಷೇಧ ಹಾಗೇ ಉಳಿಯಿತು. ಹೋಫ್‌ಗೆನ್‌ನ ಮಾತನ್ನು ಈತನ ಬಾಯಿಗೆ ತುರುಕುವುದೇ ಎಲ್ಲರೂ ಮಾಡುವ ತಪ್ಪು.

ರಂಗಾಸಕ್ತೆ:
ತುಂಬಾ ಉಪಕಾರವಾಯಿತು. ಈ ಎರಡರ ನಂತರ?

ನೇಪಥ್ಯ:
1935ರ ‘ಪಿಗ್ಮೇಲಿಯನ್’, ಹಿಗ್ಗಿನ್ಸ್ ಪಾತ್ರ. ಆಮೇಲೆ ಕಾಯ್ಟ್ನರ್‌ನ ‘ದಾಸ್ ಗ್ಲಾಸ್ ವಾಸ್ಸರ್’ (1960). ಮೆಫಿಸ್ಟೊನ ಅದೇ ಚುರುಕು, ಬಣ್ಣವಿಲ್ಲದ ಮುಖದಲ್ಲಿ.