ಅತ್ತೆಯ ಕಥೆ ಬರೆದುಕೊಳ್ಳುವಾಗ ‘ಹೋದ, ಹೋಗಿ’ ಎಲ್ಲ ಕತ್ತರಿಸಬೇಕಾ?

ಕೊಥ್ರೂಡ್ ಕನ್ನಡತಿ, ಪುಣೆ:
ನಮ್ಮತ್ತೆ ಅಕ್ಕಲಕೋಟೆ ಕಡೆಯವರು. ಅವರು ಹೇಳುವ ಕಥೆಗಳನ್ನು ಫೋನಿನಲ್ಲಿ ರೆಕಾರ್ಡ್ ಮಾಡಿ, ಮಗಳು ಓದಲಿ ಅಂತ ಬರೆದಿಡುತ್ತಿದ್ದೇನೆ. ಅತ್ತೆ ಹೇಳುವುದು ಹೀಗೆ: “ಗೌಡ ಸಂತಿಗಿ ಹೋದನಂತ. ಹೋಗಿ ಒಂದ್ ಎತ್ತು ತಂದನಂತ. ತಂದು ಗ್ವಾದಲಿಗಿ ಕಟ್ಟಿದನಂತ. ಕಟ್ಟಿ ಉಣ್ಣಾಕ ಕುಂತನಂತ.”

ನಾನು ಬರೆದದ್ದು: “ಗೌಡ ಸಂತೆಗೆ ಹೋಗಿ, ಎತ್ತು ತಂದು, ಕಟ್ಟಿ, ಊಟಕ್ಕೆ ಕುಳಿತ.” ತಪ್ಪೇನಿಲ್ಲ, ಆದರೆ ಓದಿದರೆ ಪೊಲೀಸ್ ಪಂಚನಾಮೆ ಥರ ಇದೆ. ಇನ್ನೊಂದು ವಿಚಿತ್ರ. ಅದೇ ರೆಕಾರ್ಡಿಂಗ್‌ನಲ್ಲಿ ಅತ್ತೆ 1972ರ ಬರದ ಮಾತು ತೆಗೆದರು. “ರಸ್ತಾದ ಕೆಲಸಕ್ಕ ಹೋದ್ವಿ, ಕಲ್ಲು ಒಡದ್ವಿ. ರೊಕ್ಕ ಇದ್ರೂ ಜ್ವಾಳ ಸಿಗಲಿಲ್ಲ.” ಇಲ್ಲಿ ಒಂದೂ ‘ಅಂತ’ ಇಲ್ಲ! ಎಲ್ಲ ಒಂದೇ ಥರ ಮಾಡಲಾ?

ದಾದರ್ ಲೋಕಲ್:
ಕತ್ತರಿಸಿ. ಕೇಳೋಕೆ ಚೆನ್ನಾಗಿರುತ್ತೆ, ಓದೋರಿಗೆ ಬೇಜಾರು.

ಡೊಂಬಿವಲಿ ಮೇಷ್ಟ್ರು:
ತಡೀರಿ ತಾಯಿ, ಈಗಲೇ ಕತ್ತರಿ ಹಾಕಬೇಡಿ.

ಕಥೆ ಕೇಳುವವನಿಗೆ ಹಿಂದಿನ ಪುಟ ತಿರುಗಿಸಿ ನೋಡೋಕೆ ಆಗಲ್ಲ. ಅದಕ್ಕೇ ಹೇಳುವವರು ಹಿಂದಿನ ಮಾತಿನ ಕೊನೆಯನ್ನೇ ಹಿಡಿದು ಮುಂದಿನದು ಶುರು ಮಾಡುತ್ತಾರೆ. ಅವರಿಗೂ ಯೋಚಿಸೋಕೆ ಒಂದು ಉಸಿರಿನಷ್ಟು ಪುರುಸೊತ್ತು. ಪಾಪುವಾ ನ್ಯೂಗಿನಿಯ ಎಷ್ಟೋ ಭಾಷೆಗಳಲ್ಲಿ ಇದು ಜಾಸ್ತಿ. ಭಾಷಾವಿಜ್ಞಾನಿಗಳು ಇದನ್ನು ಬಾಲ-ತಲೆ ಜೋಡಣೆ ಅಂತ ಕರೆಯುತ್ತಾರೆ.

ಆ ‘ಹೋಗಿ’ ಇನ್ನೊಂದು ಕೆಲಸವನ್ನೂ ಮಾಡುತ್ತಿದೆ, ನೋಡಿ. ಎತ್ತು ತಂದವನು ಯಾರು, ಕಟ್ಟಿದವನು ಯಾರು ಅಂತ ಅತ್ತೆ ಮತ್ತೆ ಹೇಳಿಯೇ ಇಲ್ಲ. ‘ಹೋಗಿ’ ಅಂದರೆ ಸಾಕು, ಮುಂದಿನ ಕೆಲಸವೂ ಗೌಡನದೇ. ನಡುವೆ ಹೆಂಡತಿ ಬರಬೇಕಾದರೆ ‘ಗೌಡ ಹೋಗಿ ಹೆಂಡತಿ ಅಡುಗೆ ಮಾಡಿದಳು’ ಅನ್ನಲ್ಲ, ‘ಗೌಡ ಹೋದಮೇಲೆ’ ಅಂತೀವಿ. (‘ಮಳೆ ಬಂದು ಬೆಳೆ ಹಾಳಾಯಿತು’ ಇದೆಯಲ್ಲ ಅಂತ ಯಾರೋ ಬರ್ತಾರೆ, ಗೊತ್ತು. ಅಲ್ಲಿ ಒಂದರಿಂದ ಇನ್ನೊಂದು ಆಗಿದೆ, ಅದಕ್ಕೆ ನಡೆಯುತ್ತೆ.)

‘ಅಂತ’ದ ವಿಷಯ: ಗೌಡನನ್ನು ಅತ್ತೆ ಕಂಡಿಲ್ಲ, ಕೇಳಿದ್ದಾರೆ ಅಷ್ಟೆ. ಬರವನ್ನು ಸ್ವತಃ ಕಂಡಿದ್ದಾರೆ, ಕಲ್ಲು ಒಡೆದಿದ್ದಾರೆ. ಒಂದೇ ಥರ ಮಾಡಿದರೆ ಆ ವ್ಯತ್ಯಾಸವೇ ಹೋಯ್ತು. ಇನ್ನು ‘ರೊಕ್ಕ ಇದ್ರೂ ಜ್ವಾಳ ಸಿಗಲಿಲ್ಲ’ ಅನ್ನೋದು ಹೋದ್ವಿ, ಒಡದ್ವಿ ಸಾಲಿಗೆ ಸೇರಿದ್ದಲ್ಲ. 1967ರಲ್ಲಿ ಲಬೋವ್ ಮತ್ತು ವಾಲೆಟ್ಸ್‌ಕಿ ಅನ್ನುವ ಸಂಶೋಧಕರು ಜನರ ಸ್ವಂತ ಅನುಭವದ ಕಥೆಗಳನ್ನು ಬಿಡಿಸಿ ನೋಡಿದಾಗ, ಏನು ನಡೆಯಿತು ಅನ್ನುವ ಮಾತು ಬೇರೆ, ಅದನ್ನು ಯಾಕೆ ಹೇಳುತ್ತಿದ್ದೇನೆ ಅನ್ನುವ ಮಾತು ಬೇರೆ ಅಂತ ವಿಂಗಡಿಸಿದ್ದರು. ಅತ್ತೆಯವರ ಈ ಜೋಳದ ಮಾತು ಎರಡನೆಯದು. ಅದನ್ನು ಮುಟ್ಟಲೇಬೇಡಿ.

ಮಡಗಾಂವ್ ಮಂದಿ:
ಮೇಷ್ಟ್ರು ಹೇಳಿದ್ದಕ್ಕೆ ಸಣ್ಣ ಬಾಲಂಗೋಚಿ. ಅತ್ತೆ ‘ಇದು ನಮ್ಮ ಮನಿ ಐತಿ’ ಅಂದಿದ್ದರೆ ಆ ‘ಐತಿ’ಯನ್ನೂ ತಿದ್ದಬೇಡಿ. ಸಾಂಗ್ಲಿ ಹತ್ತಿರದ ಕುಪವಾಡದ ಮಾತಿನ ಬಗ್ಗೆ ಗಂಪರ್ಜ್ ಮತ್ತು ವಿಲ್ಸನ್ ಅನ್ನುವ ಸಂಶೋಧಕರು 1971ರಲ್ಲಿ ಬರೆದಿದ್ದಾರೆ. ಅಲ್ಲಿ ಕನ್ನಡ, ಮರಾಠಿ, ಉರ್ದು ಮಾತಾಡುವವರು ದಿನಾ ಒಬ್ಬರ ಜೊತೆ ಒಬ್ಬರು ವ್ಯವಹಾರ ಮಾಡಿ ಮಾಡಿ, ವಾಕ್ಯದ ಚೌಕಟ್ಟು ಹೆಚ್ಚುಕಮ್ಮಿ ಒಂದೇ ಆಗಿಬಿಟ್ಟಿದೆ. ಪದಗಳು ಮಾತ್ರ ಅವರವರ ಮನೆಯವೇ. ಮರಾಠಿಯಲ್ಲಿ ‘ಆಹೇ’ ಇರೋ ಕಡೆ ಅಲ್ಲಿನ ಕನ್ನಡದಲ್ಲೂ ‘ಐತಿ’ ಬರುತ್ತದೆ. ನಮ್ಮ ಪುಸ್ತಕದ ಕನ್ನಡದಲ್ಲಿ ‘ಇದು ನಮ್ಮ ಮನೆ’, ಅಷ್ಟೇ.

ದಾದರ್ ಲೋಕಲ್:
ಸರಿ ಮೇಷ್ಟ್ರೇ. ಆದರೂ ಇಡೀ ಪುಸ್ತಕ ಹೀಗೇ ಇದ್ರೆ ನಾನಂತೂ ಓದಲ್ಲ.

ಡೊಂಬಿವಲಿ ಮೇಷ್ಟ್ರು:
ನೀವು ಓದ್ಬೇಡಿ, ಯಾರಾದರೂ ಓದಿ ಹೇಳಲಿ, ಕೇಳಿ.

ಕೊಥ್ರೂಡ್ ಕನ್ನಡತಿ:
ಐತಿ ಬೇಕಾದಷ್ಟಿದೆ, ಬಿಡ್ತೀನಿ. ಆದರೆ ಅತ್ತೆ ಕೆಮ್ಮಿ ಮತ್ತೆ ಶುರು ಮಾಡಿದ ಕಡೆ ‘ಕಟ್ಟಿ... ಕಟ್ಟಿ’ ಅಂತ ಎರಡೆರಡು ಸಲ ಬಂದಿದೆ. ಅದನ್ನಾದರೂ ತೆಗೆಯಲಾ?

ಡೊಂಬಿವಲಿ ಮೇಷ್ಟ್ರು:
ಅದು ತೆಗೀರಿ.