ಸಂಬಳ ಅಷ್ಟೇ ಇದೆ, ಹುದ್ದೆ ಮಾತ್ರ ಕೆಳಗಿನದು. ಇಂಥ ವರ್ಗಾವಣೆಯನ್ನು ಪ್ರಶ್ನಿಸಬಹುದಾ?

ಮಲೆನಾಡಿನವಳು:
ಎಲ್ಲರಿಗೂ ನಮಸ್ಕಾರ. ನಾನು ರಾಜ್ಯ ಸರ್ಕಾರದ ಒಂದು ಇಲಾಖೆಯಲ್ಲಿ ಅಧೀಕ್ಷಕಿ. ಎಫ್‌ಡಿಎ (ಪ್ರಥಮ ದರ್ಜೆ ಸಹಾಯಕಿ) ಆಗಿ 14 ವರ್ಷ ದುಡಿದ ಮೇಲೆ ಸಿಕ್ಕ ಬಡ್ತಿ ಇದು. ಶಾಖೆಯಲ್ಲಿ ಆರು ಜನ ಇದ್ದರು. ಅವರು ಬರೆದ ಟಿಪ್ಪಣಿ ನೋಡಿ, ತಿದ್ದಿ, ಮೇಲಕ್ಕೆ ಕಳಿಸುವುದು ನನ್ನ ಕೆಲಸ. ಒಂದು ಬಿಲ್ಲಿಗೆ ವೋಚರ್ ಇಲ್ಲ ಅಂತ ವಾಪಸ್ ಕಳಿಸಿದೆ. ಮೂರೇ ವಾರಕ್ಕೆ ವರ್ಗಾವಣೆ ಆದೇಶ ಬಂತು. ಕಾರಣ ಅಂತ ಇದ್ದದ್ದು "ಆಡಳಿತಾತ್ಮಕ ಹಿತದೃಷ್ಟಿಯಿಂದ", ಅಷ್ಟೇ.

ಹೊಸ ಕಚೇರಿಗೆ ಹೋದರೆ ಅಲ್ಲಿ ಅಧೀಕ್ಷಕರ ಹುದ್ದೆ ಮಂಜೂರೇ ಆಗಿಲ್ಲ. ಖಾಲಿ ಇದ್ದ ಎಫ್‌ಡಿಎ ಹುದ್ದೆಯ ಎದುರು ನನ್ನನ್ನು ತೋರಿಸಿದ್ದಾರೆ. ಸಂಬಳ ಒಂದು ರೂಪಾಯಿಯೂ ಕಡಿಮೆಯಾಗಿಲ್ಲ. ಆದರೆ ಈಗ ಬೆಳಗ್ಗೆಯಿಂದ ಸಂಜೆವರೆಗೆ ಆವಕ-ಜಾವಕ ರಿಜಿಸ್ಟರ್ ಬರೆಯುತ್ತೇನೆ, ಲಕೋಟೆಗೆ ಅಂಟು ಹಚ್ಚುತ್ತೇನೆ. ಮೊನ್ನೆ ನನ್ನ ಹಳೇ ಶಾಖೆಯ ಹುಡುಗ ಟಪಾಲು ತಂದಿದ್ದ. ಸ್ವೀಕೃತಿಗೆ ನನ್ನ ಸಹಿ ಕೇಳಲಾಗದೆ ಪುಸ್ತಕ ಹಿಡಿದುಕೊಂಡು ಸುಮ್ನೆ ನಿಂತ. ನಾನೇ ಪುಸ್ತಕ ಎಳೆದುಕೊಂಡು ಸಹಿ ಹಾಕಿದೆ. ಅವತ್ತು ಮನೆಗೆ ಹೋಗಿ ಊಟ ಮಾಡಲಾಗಲಿಲ್ಲ.

ಸಂಬಳ ಕಡಿಮೆಯಾಗದಿದ್ದರೆ ಹಿಂಬಡ್ತಿ ಅಲ್ಲ ಅಂತಾರೆ. ಹೌದಾ?

ನಿವೃತ್ತ ಗುಮಾಸ್ತ:
ಮೇಡಂ, ನಿಮ್ಮ ನೋವು ಅರ್ಥ ಆಗುತ್ತೆ. ಆದರೆ ವರ್ಗಾವಣೆ ಸರ್ಕಾರಿ ನೌಕರಿಯ ಒಂದು ಭಾಗ, ಯಾರನ್ನು ಎಲ್ಲಿಗೆ ಹಾಕಬೇಕು ಅನ್ನೋದು ಮೇಲಧಿಕಾರಿಗೆ ಬಿಟ್ಟದ್ದು ಅಂತ ಸುಪ್ರೀಂ ಕೋರ್ಟ್ 1993ರ ಅಬ್ಬಾಸ್ ಪ್ರಕರಣದಲ್ಲೇ ಹೇಳಿದೆ. ಬರೀ ಊರು ಬದಲಾಯಿತು ಅಂತ ಹೋದರೆ ಕೇಸು ನಿಲ್ಲುವುದು ಕಷ್ಟ.

ಕಪ್ಪು ಕೋಟು:
ಊರಿನ ಮಾತು ಬೇರೆ, ಹುದ್ದೆಯ ಮಾತು ಬೇರೆ. ಅಕ್ಕ, ನಿಮ್ಮದು ಎರಡನೆಯದು. ಬಿಹಾರದ ಮಿಥಿಲಾ ವಿಶ್ವವಿದ್ಯಾಲಯ ಒಬ್ಬ ಪ್ರಿನ್ಸಿಪಾಲರನ್ನು ರೀಡರ್ (ಪಾಠ ಮಾಡುವ ಅಧ್ಯಾಪಕರ) ಹುದ್ದೆಗೆ ವರ್ಗ ಮಾಡಿತ್ತು. ಎರಡಕ್ಕೂ ವೇತನ ಶ್ರೇಣಿ ಒಂದೇ ಅಲ್ವಾ ಅನ್ನೋದು ವಿಶ್ವವಿದ್ಯಾಲಯದ ವಾದ. 1986ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಒಪ್ಪಲಿಲ್ಲ. ಎರಡು ಹುದ್ದೆ ಸಮ ಹೌದೋ ಅಲ್ಲವೋ ಅಂತ ತೀರ್ಮಾನಿಸಲು ಸಂಬಳ ಒಂದೇ ಸಾಲದು, ಸ್ಥಾನಮಾನ, ಕೆಲಸದ ಬಗೆ, ಹೊಣೆಗಾರಿಕೆ ನೋಡಬೇಕು ಅಂದಿತು. ದಯಾನಂದ ಝಾ ಪ್ರಕರಣ ಅಂತ ನಿಮ್ಮ ವಕೀಲರಿಗೆ ಹೇಳಿ.

ಕೆಳ ದರ್ಜೆಗೆ ಇಳಿಸುವುದು 1957ರ ಸಿಸಿಎ ನಿಯಮಗಳಲ್ಲಿ, ಅಂದರೆ ರಾಜ್ಯ ನೌಕರರ ಶಿಸ್ತುಕ್ರಮದ ನಿಯಮಗಳಲ್ಲಿ, ಒಂದು ಶಿಕ್ಷೆ. ವಿಚಾರಣೆ ಇಲ್ಲದೆ ಕೊಡುವಂತಿಲ್ಲ. ಸಂವಿಧಾನದ 311ನೇ ವಿಧಿಯೂ ಇದನ್ನೇ ಹೇಳುತ್ತದೆ. ನಿಮಗೆ ಆರೋಪ ಪಟ್ಟಿ ಬಂದಿಲ್ಲ, ವಿಚಾರಣೆ ಆಗಿಲ್ಲ. ಅದನ್ನೇ ಹಿಡಿದುಕೊಳ್ಳಿ.

ಬಿಲ್ಲಿನ ಸೇಡು ನಿಜವೇ ಇರಬಹುದು, ಆದರೆ ಅರ್ಜಿಯಲ್ಲಿ ಅದನ್ನು ಮುಂದೆ ಇಡಬೇಡಿ. ದುರುದ್ದೇಶ ಸಾಬೀತು ಮಾಡುವುದು ತುಂಬಾ ಕಷ್ಟ. ತಮಿಳುನಾಡಿನ ಮುಖ್ಯ ಕಾರ್ಯದರ್ಶಿಯಾಗಿದ್ದ ರೋಯಪ್ಪ ಅವರಿಗೇ ಆಗಲಿಲ್ಲ. ನಿಮ್ಮ ಬಲ ಇರುವುದು ಮಂಜೂರಾದ ಹುದ್ದೆಗಳ ಪಟ್ಟಿಯಲ್ಲಿ. ಮಾಹಿತಿ ಹಕ್ಕಿನಲ್ಲಿ ಅದನ್ನು ತೆಗೆಸಿ. ಇಲಾಖೆಯ ವೃಂದ ಮತ್ತು ನೇಮಕಾತಿ ನಿಯಮದ ಪ್ರತಿಯನ್ನೂ ಇಟ್ಟುಕೊಳ್ಳಿ. ಆಮೇಲೆ ಕೆಎಟಿ, ಅಂದರೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಹೋಗಿ. ಬೆಂಗಳೂರು, ಬೆಳಗಾವಿ, ಕಲಬುರಗಿ ಮೂರೂ ಕಡೆ ಪೀಠ ಇದೆ. ಒಂದು ವರ್ಷದ ಕಾಲಮಿತಿ ಇದೆ ಅಂತ ಕೂರಬೇಡಿ. ತಡವಾದಷ್ಟೂ ಮಧ್ಯಂತರ ತಡೆ ಸಿಗುವುದು ಕಷ್ಟ.

ನಿಗಮದ ನೌಕರ:
ಸರ್, ನಾವು ನಿಗಮದವರು. ನಮಗೂ ಕೆಎಟಿನಾ?

ಕಪ್ಪು ಕೋಟು:
ನಿಗಮ, ಮಂಡಳಿಯವರು ಸಾಮಾನ್ಯವಾಗಿ ಹೈಕೋರ್ಟಿಗೆ, 226ನೇ ವಿಧಿಯಡಿ ರಿಟ್ ಹಾಕಬೇಕು.

ಮಲೆನಾಡಿನವಳು:
ತುಂಬಾ ಧನ್ಯವಾದ ಸರ್. ಇನ್ನೊಂದು ಭಯ. ನಾನು ಹೋಗಿ ಡ್ಯೂಟಿಗೆ ಸೇರಿಬಿಟ್ಟೆ. ಒಪ್ಪಿಕೊಂಡ ಹಾಗಾಯಿತಾ?

ಕಪ್ಪು ಕೋಟು:
ಸೇರಿದ್ದೇ ಒಳ್ಳೆಯದಾಯಿತು. ಗುಜರಾತಿನ ವಿದ್ಯುತ್ ಮಂಡಳಿಯ ನೌಕರರೊಬ್ಬರು ಮನವಿ ಕೊಟ್ಟಿದ್ದೇನೆ ಅಂತ ಹೊಸ ಜಾಗಕ್ಕೆ ಹೋಗಲೇ ಇಲ್ಲ. ಕೆಲಸ ಕಳೆದುಕೊಂಡರು, 1989ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಸರಿ ಅಂದಿತು. ನೀವು ಇವತ್ತೇ ಒಂದು ಮನವಿ ಕೊಡಿ: "ನನ್ನ ಹಕ್ಕಿಗೆ ಧಕ್ಕೆ ಬಾರದಂತೆ, ಆಕ್ಷೇಪಣೆಯೊಂದಿಗೆ ವರದಿ ಮಾಡಿಕೊಂಡಿದ್ದೇನೆ."

ಮಲೆನಾಡಿನವಳು:
ಕೊಟ್ಟೆ ಸರ್. ಎರಡು ಪ್ರತಿ. ಟಪಾಲು ತೆಗೆದುಕೊಳ್ಳುವವಳು ನಾನೇ ಆದ್ದರಿಂದ ಸ್ವೀಕೃತಿಗೆ ನಾನೇ ಸಹಿ ಹಾಕುವುದು ಸರಿಯಲ್ಲ ಅನ್ನಿಸಿತು. ಕಚೇರಿ ಮುಖ್ಯಸ್ಥರ ಮುಂದೆ ಇಟ್ಟೆ. ಓದಿದರು, ನನ್ನ ಮುಖ ನೋಡಿದರು, ಸಹಿ ಹಾಕಿ ಸೀಲು ಒತ್ತಿಕೊಟ್ಟರು. ಸೋಮವಾರ ರಜೆ ಹಾಕಿ ಬೆಂಗಳೂರಿಗೆ ಹೊರಟಿದ್ದೇನೆ.