ಅನ್ನ, ತರಕಾರಿ ಎಸೆಯುವುದು ಕಮ್ಮಿಯಾಗಬೇಕು: ದಂಡ, ತೂಕದ ಪಟ್ಟಿ, ಚಿಕ್ಕ ತಟ್ಟೆ – ಯಾವುದು ನಡೆಯುತ್ತೆ?

ಬಿ_ಬ್ಲಾಕ್_ಸಮಿತಿ

ಬೆಂಗಳೂರಿನ ಅಪಾರ್ಟ್‌ಮೆಂಟ್, ಎರಡು ಬ್ಲಾಕ್, ಒಟ್ಟು 96 ಮನೆ. ಹಸಿ ಕಸ ಇಲ್ಲೇ ಒಳಗೆ ಕಾಂಪೋಸ್ಟ್ ಆಗುತ್ತದೆ. ಡ್ರಮ್ಮಿನಲ್ಲಿ ಸಿಪ್ಪೆ, ನಾರಿನ ಜೊತೆಗೆ ಅನ್ನ, ಚಪಾತಿ, ಕಟ್ಟು ಬಿಚ್ಚದ ಕೊತ್ತಂಬರಿ, ಅರ್ಧ ಉಳಿದ ಬ್ರೆಡ್ ದಿನಾ ಇರುತ್ತವೆ. ಲಿಫ್ಟಿನಲ್ಲಿ ‘ಅನ್ನ ಪರಬ್ರಹ್ಮ’ ಅಂತ ಪೋಸ್ಟರ್ ಹಚ್ಚಿ ಆಯ್ತು, ಏನೂ ಬದಲಾಗಿಲ್ಲ.

ಈಗ ಸಮಿತಿಯ ಮುಂದೆ ಮೂರು ಸಲಹೆ ಇವೆ: ಮನೆವಾರು ತೂಕ ನೋಟಿಸ್ ಬೋರ್ಡಿಗೆ ಹಾಕುವುದು, ಹೆಚ್ಚು ಎಸೆದವರಿಗೆ ದಂಡ, ಎಲ್ಲರಿಗೂ ಚಿಕ್ಕ ಊಟದ ತಟ್ಟೆ ಹಂಚುವುದು. ಇದನ್ನೆಲ್ಲ ‘ನಡ್ಜ್’ (ಜನರನ್ನು ಒಳ್ಳೆಯ ಆಯ್ಕೆಯ ಕಡೆಗೆ ಮೆಲ್ಲಗೆ ತಳ್ಳುವ ಉಪಾಯ) ಅಂತ ಕರೆಯುತ್ತಿದ್ದಾರೆ. ಮೂರು ತಿಂಗಳ ಸಮಯ, 15,000 ರೂಪಾಯಿ ಇದೆ. ವರ್ತನಾ ಅರ್ಥಶಾಸ್ತ್ರ (ಜನ ನಿಜವಾಗಿ ಹೇಗೆ ತೀರ್ಮಾನ ಮಾಡುತ್ತಾರೆ ಅನ್ನೋ ಅಧ್ಯಯನ) ಓದಿಕೊಂಡವರು ದಯವಿಟ್ಟು ಹೇಳಿ, ಯಾವುದರ ಮೇಲೆ ಖರ್ಚು ಮಾಡೋದು? ಫಲ ಸಿಕ್ಕಿತೋ ಇಲ್ಲವೋ ಅಂತ ಅಳೆಯೋದು ಹೇಗೆ?

ತಕ್ಕಡಿ

ಮೂರನ್ನೂ ಬಿಡಿ. ಒಂದೊಂದಕ್ಕೂ ಕಾರಣ ಬೇರೆ.

ದಂಡ: ಇಸ್ರೇಲಿನ ಹೈಫಾದ ಶಿಶುವಿಹಾರಗಳಲ್ಲಿ ಮಕ್ಕಳನ್ನು ಕರೆದೊಯ್ಯಲು ತಡವಾಗಿ ಬರುವ ಪೋಷಕರಿಗೆ ದಂಡ ಹಾಕಿ ನೋಡಿದ್ದರು. ಗ್ನೀಝಿ ಮತ್ತು ರುಸ್ತಿಕೀನಿ ಎಂಬ ಅರ್ಥಶಾಸ್ತ್ರಜ್ಞರು ಅದನ್ನು 2000ದಲ್ಲಿ ಪ್ರಕಟಿಸಿದರು. ತಡವಾಗಿ ಬರುವವರು ಕಮ್ಮಿಯಾಗುವುದಿರಲಿ, ಜಾಸ್ತಿಯಾದರು. ದಂಡ ತೆಗೆದ ಮೇಲೂ ಅದು ಹಳೆಯ ಮಟ್ಟಕ್ಕೆ ಇಳಿಯಲಿಲ್ಲ. ಮೊದಲು ಮುಜುಗರ ಇತ್ತು, ಆಮೇಲೆ ಅದಕ್ಕೊಂದು ರೇಟು ಬಂತು. ನಿಮ್ಮಲ್ಲೂ ಕೆಲವರು ದಂಡ ಕಟ್ಟಿ ಎಸೆಯುತ್ತಾರೆ, ಉಳಿದವರು ಸಾಂಬಾರನ್ನು ಸಿಂಕಿಗೆ ಸುರಿದು ಅನ್ನವನ್ನು ಕವರಿನಲ್ಲಿ ಕಟ್ಟಿ ರಸ್ತೆ ತಿರುವಿನ ಬ್ಲ್ಯಾಕ್ ಸ್ಪಾಟಿಗೆ (ಜನ ಕದ್ದು ಕಸ ಸುರಿಯುವ ಜಾಗಕ್ಕೆ) ಹಾಕುತ್ತಾರೆ. ದಕ್ಷಿಣ ಕೊರಿಯಾದಲ್ಲಿ ತೂಕಕ್ಕೆ ತಕ್ಕಂತೆ ಹಣ ವಸೂಲಿ ನಡೆಯುತ್ತದಲ್ಲ ಅಂತ ಯಾರಾದರೂ ಹೇಳಬಹುದು. ಅಲ್ಲಿ ಎಷ್ಟೋ ಅಪಾರ್ಟ್‌ಮೆಂಟುಗಳಲ್ಲಿ ಕಾರ್ಡ್ ತೋರಿಸದೆ ಡಬ್ಬಿಯ ಮುಚ್ಚಳವೇ ತೆರೆಯುವುದಿಲ್ಲ, ಬೆನ್ನಿಗೆ ದೇಶದ ಕಾನೂನೂ ಇದೆ. ಇಲ್ಲಿ ನಿಮ್ಮ ಬೆನ್ನಿಗೆ ಇರುವುದು ಸೆಕ್ಯುರಿಟಿಯವರ ನೋಟ್‌ಬುಕ್ ಮಾತ್ರ.

ಮನೆವಾರು ಪಟ್ಟಿ: ಕ್ಯಾಲಿಫೋರ್ನಿಯಾದ ಸ್ಯಾನ್ ಮಾರ್ಕೋಸ್‌ನಲ್ಲಿ ವಿದ್ಯುತ್ ಬಳಕೆಯ ಮೇಲೆ ನಡೆದ ಅಧ್ಯಯನ (ಶುಲ್ಟ್ಸ್ ಮತ್ತು ಸಂಗಡಿಗರು, 2007) ನೋಡಿ. ‘ನಿಮ್ಮ ಬಳಕೆ ಇಷ್ಟು, ಅಕ್ಕಪಕ್ಕದವರ ಸರಾಸರಿ ಇಷ್ಟು’ ಅಂತ ಚೀಟಿ ಕೊಟ್ಟಾಗ ಹೆಚ್ಚು ಬಳಸುತ್ತಿದ್ದವರು ಇಳಿಸಿದರು. ಕಡಿಮೆ ಬಳಸುತ್ತಿದ್ದವರು ‘ಓ, ಇನ್ನೂ ಜಾಗ ಇದೆ’ ಅಂದುಕೊಂಡರೋ ಏನೋ, ಏರಿಸಿದರು. ಕಡಿಮೆ ಇದ್ದವರ ಚೀಟಿಯಲ್ಲಿ ಒಂದು ನಗುಮುಖ ಬರೆದಾಗ ಆ ಏರಿಕೆ ಬರಲಿಲ್ಲ. ಹೋಲಿಕೆ ಬೇಕೇ ಬೇಕು ಅಂದರೆ ಬೋರ್ಡಿಗೆ ಬೇಡ, ಆಯಾ ಮನೆಗೆ ಮಾತ್ರ ಚೀಟಿ ಹೋಗಲಿ, ಚೆನ್ನಾಗಿ ಮಾಡಿದವರಿಗೆ ಒಂದು ಶಹಬ್ಬಾಸ್ ಇರಲಿ. ಹೆಸರು ಹಾಕಿ ಬೋರ್ಡಿಗೆ ತೂಗುಹಾಕಿದರೆ ಮುಂದಿನ ಜನರಲ್ ಬಾಡಿ ಮೀಟಿಂಗಿನಲ್ಲಿ ಬೇರೆ ವಿಷಯವೇ ಬರುವುದಿಲ್ಲ.

ಚಿಕ್ಕ ತಟ್ಟೆ: ನಾರ್ವೆಯ ಹೋಟೆಲ್ ಬಫೆಗಳಲ್ಲಿ ತಟ್ಟೆ ಚಿಕ್ಕದು ಮಾಡಿದಾಗ ಎಸೆಯುವುದು ಸುಮಾರು ಶೇ. 20 ಇಳಿಯಿತು (ಕಾಲ್‌ಬೆಕೆನ್ ಮತ್ತು ಸೇಲೆನ್, 2013). ಅದು ಬಫೆ, ತಾವೇ ಬಡಿಸಿಕೊಳ್ಳುವ ಜಾಗ. ನಮ್ಮ ಮನೆಗಳಲ್ಲಿ ತಟ್ಟೆಯಲ್ಲಿ ಉಳಿಯುವುದಕ್ಕಿಂತ ಪಾತ್ರೆಯಲ್ಲಿ ಉಳಿಯುವುದೇ ಜಾಸ್ತಿ. ತಟ್ಟೆ ಚಿಕ್ಕದಾದರೆ ಕುಕ್ಕರಿನಲ್ಲಿ ಮಿಗುವ ಅನ್ನ ಇನ್ನಷ್ಟು ಹೆಚ್ಚಾಗುತ್ತದೆ ಅಷ್ಟೆ. ಇನ್ನೊಂದು ಎಚ್ಚರಿಕೆ: ತಟ್ಟೆ, ಬಟ್ಟಲಿನ ಗಾತ್ರದ ಬಗ್ಗೆ ಅಂತರ್ಜಾಲದಲ್ಲಿ ಓಡಾಡುವ ಬಹಳಷ್ಟು ಮಾತು ಅಮೆರಿಕದ ಆಹಾರ ವರ್ತನೆ ಸಂಶೋಧಕ ಬ್ರಯನ್ ವಾನ್ಸಿಂಕ್ ಅವರ ಸಂಶೋಧನೆಯದು. 2018ರಲ್ಲಿ ಅವರು ಕೆಲಸ ಮಾಡುತ್ತಿದ್ದ ಕಾರ್ನೆಲ್ ವಿಶ್ವವಿದ್ಯಾಲಯವೇ ಅದರಲ್ಲಿ ಅಕ್ರಮ ಇದೆ ಎಂದಿತು, ಹಲವು ಲೇಖನಗಳನ್ನು ಪ್ರಕಟಿಸಿದ ಪತ್ರಿಕೆಗಳೇ ಹಿಂತೆಗೆದುಕೊಂಡವು. ಅದನ್ನು ನಂಬಿ ತಟ್ಟೆ ಕೊಳ್ಳಬೇಡಿ.

ನೀವು ಕೇಳದ ಒಂದು ವಿಷಯ. ಎಸೆದದ್ದು ಕಾಂಪೋಸ್ಟ್ ಆಗುತ್ತದೆ ಅಂತ ತಿಳಿದ ಊಟಗಾರರು, ಅದು ನೆಲಭರ್ತಿಗೆ (ಕಸ ಹೂಳುವ ಜಾಗಕ್ಕೆ) ಹೋಗುತ್ತದೆ ಅಂತ ತಿಳಿದವರಿಗಿಂತ ಹೆಚ್ಚು ಎಸೆದರು ಅಂತ ಚಿ ಮತ್ತು ರೋ ಎಂಬ ಸಂಶೋಧಕರು 2017ರಲ್ಲಿ ತೋರಿಸಿದ್ದಾರೆ. ‘ನಮ್ಮ ಕಸ ಗೊಬ್ಬರವಾಗುತ್ತೆ’ ಅನ್ನುವ ಬೋರ್ಡು ಹಸಿ ಕಸದ ಡ್ರಮ್ಮಿನ ಪಕ್ಕದಲ್ಲೇ ಇದ್ದರೆ ಅದನ್ನು ಕಾಂಪೋಸ್ಟ್ ಯಾರ್ಡಿಗೆ ಸಾಗಿಸಿ. ಖರ್ಚಿಲ್ಲದ ಕೆಲಸ.

ಪಾವು_ಸೇರು

ತಕ್ಕಡಿಯವರು ಏನು ಬೇಡ ಅಂತ ಹೇಳಿದರು. ಏನು ಬೇಕು ಅನ್ನೋದಕ್ಕೆ ಮೊದಲು ಪೋಸ್ಟರ್ ಯಾಕೆ ಸೋತಿತು ನೋಡೋಣ. ಅನ್ನ ಎಸೆಯಬಾರದು ಅಂತ ಗೊತ್ತಿಲ್ಲದ ಮನೆ ನಿಮ್ಮಲ್ಲಿ ಒಂದೂ ಇರಲಿಕ್ಕಿಲ್ಲ. ಪಾಪಪ್ರಜ್ಞೆ ಇರುವುದರಿಂದಲೇ ಉಳಿದದ್ದು ನೇರ ಕಸಕ್ಕೆ ಹೋಗುವುದಿಲ್ಲ, ಸ್ಟೀಲ್ ಡಬ್ಬಿ ಸೇರಿ ಫ್ರಿಜ್ಜಿಗೆ ಹೋಗುತ್ತದೆ. ಮೂರು ದಿನ ಬಿಟ್ಟು ವಾಸನೆ ಬಂದಾಗ ಎಸೆಯಲು ಮನಸ್ಸಿಗೆ ಏನೂ ಅನಿಸುವುದಿಲ್ಲ, ಅದು ‘ಕೆಟ್ಟಿದೆ’ ತಾನೆ! ಪೋಸ್ಟರ್ ಈ ಸುತ್ತನ್ನು ಇನ್ನೂ ಉದ್ದ ಮಾಡುತ್ತದೆ. ತೀರ್ಮಾನ ಆಗುವುದು ಡ್ರಮ್ಮಿನ ಹತ್ತಿರ ಅಲ್ಲ, ಅಕ್ಕಿ ಅಳೆಯುವಾಗ ಮತ್ತು ತರಕಾರಿ ಕೊಳ್ಳುವಾಗ. ದುಡ್ಡು ಅಲ್ಲಿ ಹಾಕಿ.

ಅಕ್ಕಿಯಿಂದ ಶುರು ಮಾಡಿ. ಎಷ್ಟೋ ಮನೆಗಳಲ್ಲಿ ಅಳತೆ ಅಂದರೆ ಕೈಗೆ ಸಿಕ್ಕ ಲೋಟ, ಮೇಲೊಂದು ಹಿಡಿ. ಆ ಹಿಡಿಯೇ ತಂಗಳಾಗುವುದು. ಎಲೆಕ್ಟ್ರಿಕ್ ಕುಕ್ಕರ್ ಜೊತೆ ಬರುವಂಥ 180 ಮಿ.ಲೀ. ಕಪ್ಪಿನಲ್ಲಿ ಸಮತಟ್ಟಾಗಿ ಸುಮಾರು 150 ಗ್ರಾಂ ಅಕ್ಕಿ ಹಿಡಿಯುತ್ತದೆ. ಬೆಂದಾಗ ಎರಡೂವರೆಯಿಂದ ಮೂರು ಪಟ್ಟು ತೂಕ. ಮುದ್ದೆಯೋ ಚಪಾತಿಯೋ ಜೊತೆಗಿದ್ದರೆ ಒಬ್ಬರಿಗೆ ಅರ್ಧ ಕಪ್ ಸಾಕು, ಬರೀ ಅನ್ನವಾದರೆ ಮುಕ್ಕಾಲು. ಕಪ್ಪಿನ ಮೇಲೆ ಮಾರ್ಕರಿನಲ್ಲಿ ಅರ್ಧ, ಮುಕ್ಕಾಲು ಗೆರೆ ಎಳೆದು ಅಕ್ಕಿ ಡಬ್ಬಿಯ ಒಳಗೇ ಇಡಬೇಕು. ಹೊರಗಿಟ್ಟರೆ ವಾರದೊಳಗೆ ಅದು ಬೇಳೆಗೋ ಸೋಪಿನ ಪುಡಿಗೋ ಹೋಗಿಬಿಡುತ್ತದೆ. ಅಡುಗೆಯವರು ಬರುವ ಮನೆಯಾದರೆ ಕಪ್ಪೂ ಸಾಲದು, ಅವರಿಗೆ ಆ ದಿನದ ತಲೆ ಲೆಕ್ಕ ಗೊತ್ತಿರುವುದಿಲ್ಲ. ಕಮ್ಮಿ ಬಿದ್ದರೆ ಮಾತು ಕೇಳುವವರು ಅವರು, ಮಿಕ್ಕರೆ ಯಾರೂ ಕೇಳುವುದಿಲ್ಲ, ಹಾಗಾಗಿ ಜಾಸ್ತಿಯೇ ಹಾಕುತ್ತಾರೆ. ಹಿಂದಿನ ರಾತ್ರಿಯೇ ಅಳೆದು ಪಾತ್ರೆಯಲ್ಲಿ ತೆಗೆದಿಡಿ.

‘ಯಾರಾದರೂ ಬಂದುಬಿಟ್ಟರೆ?’ ಇದನ್ನು ಹಗುರ ಮಾಡಬೇಡಿ. ಬಂದವರಿಗೆ ಅನ್ನ ಇಲ್ಲ ಅನ್ನುವುದು ದೊಡ್ಡ ನಷ್ಟ, ನಾಳೆ ಎಸೆಯುವುದು ಸಣ್ಣ ನಷ್ಟ, ಮನಸ್ಸು ಹಾಗೇ ತೂಗುತ್ತದೆ. ಆ ಭಯಕ್ಕೆ ಬೇರೆ ಬಂದೋಬಸ್ತು ಕೊಡಿ: ಅರ್ಧ ಕೆಜಿ ಅವಲಕ್ಕಿ, ಒಂದು ಪ್ಯಾಕೆಟ್ ಶಾವಿಗೆ, ಹುರಿದಿಟ್ಟ ರವೆ, ಕಣ್ಣಿಗೆ ಕಾಣುವ ಶೆಲ್ಫಿನಲ್ಲಿ. ಕಾಲು ಗಂಟೆಯಲ್ಲಿ ಎಲೆ ಮುಂದೆ ಏನಾದರೂ ಬರುತ್ತದೆ ಅಂತ ಖಾತ್ರಿ ಆದರೆ ಆ ಮೇಲಿನ ಹಿಡಿ ತಾನೇ ನಿಲ್ಲುತ್ತದೆ.

ತರಕಾರಿಗೆ ಬಂದರೆ, ಮುಂದಿನ ದಿನಗಳಿಗೆಲ್ಲ ಒಂದೇ ಸಲ ಆರಿಸುವಾಗ ಜನ ತಾವು ನಿಜವಾಗಿ ಬಯಸುವುದಕ್ಕಿಂತ ಹೆಚ್ಚು ಬಗೆ ಆರಿಸುತ್ತಾರೆ ಅಂತ ಸೈಮನ್‌ಸನ್ ಎಂಬ ಸಂಶೋಧಕರು 1990ರಲ್ಲೇ ತೋರಿಸಿದ್ದರು. ಭಾನುವಾರದ ಚೀಲ ಅದೇ ಕಥೆ: ಮೂಲಂಗಿ, ನವಿಲುಕೋಸು, ಬದನೆ, ಮೂರು ಬಗೆ ಸೊಪ್ಪು. ಬುಧವಾರಕ್ಕೆ ಮನೆ ಬೀನ್ಸ್ ಪಲ್ಯಕ್ಕೆ ವಾಪಸ್ ಬಂದಿರುತ್ತದೆ. ವಾರಕ್ಕೆ ಎರಡು ಸಲ ಕೊಳ್ಳಲಿ, ಒಂದು ಸಲಕ್ಕೆ ಸೊಪ್ಪು ಒಂದೇ ಬಗೆ, ತಂದ ಮರುದಿನದೊಳಗೆ ಒಲೆಗೆ. ಮಧ್ಯದ ದಿನಗಳಿಗೆ ಬೆಂಡೆ, ಬೀನ್ಸ್. ಕೊನೆಗೆ ಕೋಸು, ಕ್ಯಾರೆಟ್. ಕೊಯ್ಯದ ಬೂದುಗುಂಬಳ ವಾರಗಟ್ಟಲೆ ಕಾಯುತ್ತದೆ, ಕೊಯ್ದರೆ ಕಾಯುವುದಿಲ್ಲ.

ಫ್ರಿಜ್ಜಿನಲ್ಲಿ ಒಂದೇ ಬದಲಾವಣೆ ಮಾಡಿಸಿ. ಕಣ್ಣಿನ ಮಟ್ಟದ ಶೆಲ್ಫಿನಲ್ಲಿ ಅಗಲವಾದ ಒಂದು ಟ್ರೇ, ಮೇಲೆ ‘ಮೊದಲು ಇದು’ ಅಂತ ಪೇಂಟ್ ಟೇಪ್. ಉಳಿದ ಪಲ್ಯ, ಅರ್ಧ ಟೊಮೆಟೊ, ಮೊಸರಿನ ತಳ ಎಲ್ಲ ಅಲ್ಲಿಗೆ. ಸ್ಟೀಲ್ ಡಬ್ಬಿಯೊಳಗೆ ಏನಿದೆ ಕಾಣುವುದಿಲ್ಲ, ಆದ್ದರಿಂದ ಟ್ರೇಯಲ್ಲಿ ಇಡುವುದು ಗಾಜು ಅಥವಾ ಪಾರದರ್ಶಕ ಡಬ್ಬಿಯಲ್ಲಿರಲಿ, ಟೇಪಿನಲ್ಲಿ ವಾರದ ಹೆಸರು ಬರೆದಿರಲಿ (ತಾರೀಕು ಯಾರೂ ಲೆಕ್ಕ ಹಾಕುವುದಿಲ್ಲ). ಸಾಸು, ಜಾಮು, ಉಪ್ಪಿನಕಾಯಿ ಹಿಂದಕ್ಕೆ. ‘ತರಕಾರಿಯನ್ನೂ ಕಣ್ಣಿನ ಮಟ್ಟಕ್ಕೆ ತನ್ನಿ’ ಅಂತ ಕೆಲವರು ಹೇಳುತ್ತಾರೆ, ಸೊಪ್ಪಿಗೆ ಅದು ಸರಿಯಲ್ಲ. ಫ್ರಾಸ್ಟ್-ಫ್ರೀ ಫ್ರಿಜ್ಜಿನ ಗಾಳಿ ಒಣ, ತೆರೆದ ಶೆಲ್ಫಿನಲ್ಲಿ ಕೊತ್ತಂಬರಿ ಎರಡೇ ದಿನಕ್ಕೆ ಬಾಡುತ್ತದೆ. ಬೇರು ಕತ್ತರಿಸಿ, ಒಣ ಬಟ್ಟೆಯಲ್ಲಿ ಸುತ್ತಿ, ಮುಚ್ಚಳದ ಡಬ್ಬಿಯಲ್ಲಿಟ್ಟರೆ ವಾರ ಬರುತ್ತದೆ.

ಆಮೇಲೆ ವಾರಕ್ಕೊಂದು ರಾತ್ರಿ ಗೊತ್ತುಮಾಡಿ. ‘ಆದಷ್ಟು ಬೇಗ ಖಾಲಿ ಮಾಡೋಣ’ ಅನ್ನುವುದು ನಡೆಯುವುದಿಲ್ಲ. ‘ಗುರುವಾರ ಸಂಜೆ ಟ್ರೇ ತೆಗೆದು ಅದರಲ್ಲೇ ಅಡುಗೆ’ ಅಂತ ದಿನ, ಹೊತ್ತು, ಕೆಲಸ ಮೂರೂ ಕೂಡಿದ್ದರೆ ನಡೆಯುತ್ತದೆ. ತುಂಡು ತರಕಾರಿಗೆ ಸಾಗು, ಮಿಕ್ಕ ಸೊಪ್ಪಿಗೆ ಅಕ್ಕಿ ರೊಟ್ಟಿ, ಹುಳಿಯೇರಿದ ದೋಸೆ ಹಿಟ್ಟಿಗೆ ಈರುಳ್ಳಿ ಹಾಕಿ ಪಡ್ಡು.

ತಕ್ಕಡಿ

ಅಳತೆಯ ಬಗ್ಗೆ. ಡ್ರಮ್ಮಿನ ಒಟ್ಟು ತೂಕ ನೋಡಿ ಖುಷಿಪಡಬೇಡಿ, ಅದು ಸುಳ್ಳು ಹೇಳುತ್ತದೆ. ಡಿಸೆಂಬರ್, ಜನವರಿಯಲ್ಲಿ ಅವರೆಕಾಯಿ ಸಿಪ್ಪೆ, ಬೇಸಗೆಯಲ್ಲಿ ಮಾವಿನ ಓಟೆ, ಹಲಸಿನ ಸಿಪ್ಪೆ. ಶಾಲೆ ರಜಕ್ಕೆ ಅರ್ಧ ಮನೆಗಳು ಊರಿಗೆ ಹೋದರೆ ತೂಕ ಇಳಿಯುತ್ತದೆ, ಶ್ರೇಯಸ್ಸು ನಿಮ್ಮ ಯೋಜನೆಗೆ ಬರುತ್ತದೆ. ವಿಶ್ವಸಂಸ್ಥೆಯ ಪರಿಸರ ಕಾರ್ಯಕ್ರಮದ 2024ರ ವರದಿ ಭಾರತದ ಮನೆಗಳಿಗೆ ಅಂದಾಜಿಸಿರುವ ತಲೆಗೆ ವರ್ಷಕ್ಕೆ 55 ಕೆಜಿಯಲ್ಲೂ ತಿನ್ನಲಾಗದ ಸಿಪ್ಪೆ, ಮೂಳೆ ಸೇರಿದೆ. ಆ ಅಂಕಿಯ ಜೊತೆ ಹೋಲಿಸಿ ಪೋಸ್ಟರ್ ಮಾಡಬೇಡಿ.

ಹೀಗೆ ಮಾಡಿ. ವಾರಕ್ಕೆ ಎರಡು ದಿನ, ಒಂದು ಮಂಗಳವಾರದಂಥ ದಿನ ಮತ್ತು ಸೋಮವಾರ (ಭಾನುವಾರದ್ದು ಅವತ್ತೇ ಬರುವುದು), ಬ್ಲಾಕಿನ ಇಡೀ ಹಸಿ ಕಸ ಟಾರ್ಪಾಲಿನ ಮೇಲೆ ಸುರಿದು ನಾಲ್ಕು ಬಕೆಟ್ಟಿಗೆ ವಿಂಗಡಿಸಿ: ಬೆಂದ ಅಡುಗೆ, ಇಡಿಯಾದ ತರಕಾರಿ-ಹಣ್ಣು-ಸೊಪ್ಪು, ಬ್ರೆಡ್ಡು ಮತ್ತು ಪ್ಯಾಕೆಟ್ ಪದಾರ್ಥ, ಉಳಿದ ಸಿಪ್ಪೆ-ನಾರು-ಚರಟ. 50 ಕೆಜಿಯ ತೂಗುಹಾಕುವ ಡಿಜಿಟಲ್ ತಕ್ಕಡಿ ಸಾಕು. ಲೆಕ್ಕಕ್ಕೆ ಮೊದಲ ಮೂರು ಬಕೆಟ್ ಮಾತ್ರ, ಅವತ್ತು ಕಸ ಕೊಟ್ಟ ಮನೆಗಳ ಸಂಖ್ಯೆಯಿಂದ ಭಾಗಿಸಿ. ಹೌಸ್‌ಕೀಪಿಂಗ್‌ನವರ ಮೇಲೆ ಬಿಟ್ಟಿ ಕೆಲಸ ಹೇರಬೇಡಿ, ಗ್ಲೌಸು ಮತ್ತು ಹೆಚ್ಚುವರಿ ಕೂಲಿ ಬಜೆಟ್ಟಿನಲ್ಲೇ ಇರಲಿ. ಮನೆವಾರು ತೆರೆದು ನೋಡಬೇಡಿ, ನೋಡುತ್ತಾರೆ ಅಂತ ಗೊತ್ತಾದರೆ ಸಾಂಬಾರು ಸಿಂಕಿಗೆ, ಚಪಾತಿ ಬೀದಿ ನಾಯಿಗೆ. ತೂಕ ಇಳಿಯುತ್ತದೆ, ಪೋಲು ಇಳಿಯುವುದಿಲ್ಲ.

ಮೊದಲ ಮೂರು ವಾರ ಎರಡೂ ಬ್ಲಾಕಿನಲ್ಲಿ ಬರೀ ಅಳತೆ. ನಾಲ್ಕನೇ ವಾರ ಒಂದು ಬ್ಲಾಕಿಗೆ ಮಾತ್ರ ಕಪ್ಪು, ಟ್ರೇ, ಟೇಪು. ಎಂಟನೇ ವಾರದಿಂದ ಇನ್ನೊಂದಕ್ಕೂ. ನಡುವೆ ಹಬ್ಬ ಬಂದರೆ ಎರಡೂ ಕಡೆ ಬರುತ್ತದೆ, ಹೋಲಿಕೆ ಕೆಡುವುದಿಲ್ಲ. ಒಂದು ಮನೆಗೆ ಕಪ್ಪಿಗೆ 30 ರೂಪಾಯಿ, ಟ್ರೇಗೆ 80, ಟೇಪು-ಮಾರ್ಕರ್‌ಗೆ 20 ಅಂತ ಹಿಡಿದರೆ 96 ಮನೆಗೆ 12,480 ರೂಪಾಯಿ. ಉಳಿದದ್ದು ತಕ್ಕಡಿ, ಟಾರ್ಪಾಲು, ಗ್ಲೌಸಿಗೆ. ಕೂಲಿಗೆ ಇದು ಸಾಲುವುದಿಲ್ಲ, ಸಗಟು ಖರೀದಿಯಲ್ಲಿ ದರ ಇಳಿಸಿಕೊಳ್ಳಿ, ಇಲ್ಲವೇ ಸಮಿತಿ ಬೇರೆ ಕೊಡಬೇಕು.

ಬಿ_ಬ್ಲಾಕ್_ಸಮಿತಿ

ಬಹಳ ಉಪಕಾರ ಆಯ್ತು ಇಬ್ಬರಿಗೂ. ಒಂದು ಅನುಮಾನ. ‘ಮೊದಲು ಇದು’ ಟ್ರೇಯಲ್ಲಿ ಉಳಿದ ಅನ್ನ ಇಟ್ಟು ಯಾರಾದರೂ ಹೊಟ್ಟೆ ಕೆಡಿಸಿಕೊಂಡರೆ ಮಾತು ಸಮಿತಿಗೆ ಬರುತ್ತೆ. ಪ್ಯಾಕೆಟ್ ತಾರೀಕಿನ ಬಗ್ಗೆಯೂ ಹೇಳಿ. ಇಂಗ್ಲೆಂಡಿನಲ್ಲಿ ತಾರೀಕೇ ತೆಗೆದುಬಿಟ್ಟರು ಅಂತ ಒಬ್ಬರು ವಾದಿಸುತ್ತಿದ್ದಾರೆ.

ಒಗ್ಗರಣೆ_ಲ್ಯಾಬ್

ಅನುಮಾನ ಸರಿಯಾಗಿದೆ. ಅನ್ನದಲ್ಲಿ ಬ್ಯಾಸಿಲಸ್ ಸೀರಿಯಸ್ ಅನ್ನುವ ಬ್ಯಾಕ್ಟೀರಿಯಾದ ಬೀಜಕಣಗಳು ಕುದಿತವನ್ನೂ ತಡೆದು ಉಳಿಯುತ್ತವೆ. ಬೆಚ್ಚಗೆ ಹೊರಗೆ ಬಿಟ್ಟರೆ ಅವು ಬೆಳೆದು ವಿಷ ಕಟ್ಟುತ್ತವೆ, ವಾಂತಿ ತರಿಸುವ ಆ ವಿಷ ಮತ್ತೆ ಬಿಸಿ ಮಾಡಿದರೂ ಹೋಗುವುದಿಲ್ಲ. ಬೆಳಿಗ್ಗೆಯಿಂದ ಕುಕ್ಕರಿನಲ್ಲೇ ಇದ್ದ ಅನ್ನವನ್ನು ರಾತ್ರಿ ಚಿತ್ರಾನ್ನ ಮಾಡಿದರೆ ಒಗ್ಗರಣೆ ಅದನ್ನು ಉಳಿಸುವುದಿಲ್ಲ. ಟ್ರೇಗೆ ಹೋಗುವ ಅನ್ನಕ್ಕೆ ನಿಯಮ: ಊಟವಾದ ಕೂಡಲೇ ಅಗಲ ತಟ್ಟೆಯಲ್ಲಿ ಹರಡಿ ಆರಿಸಿ, ಎರಡು ಗಂಟೆಯೊಳಗೆ ಫ್ರಿಜ್ಜಿಗೆ, 5 ಡಿಗ್ರಿ ಅಥವಾ ಅದಕ್ಕಿಂತ ಕೆಳಗೆ, ಮರುದಿನದೊಳಗೆ ಖಾಲಿ, ಬಿಸಿ ಒಂದೇ ಸಲ. ಅಂದರೆ ಅನ್ನ ಗುರುವಾರದ ತನಕ ಕಾಯುವ ಪದಾರ್ಥವೇ ಅಲ್ಲ. ಈ ಸಾಲನ್ನು ಟೇಪಿನ ಜೊತೆಗೇ ಅಚ್ಚು ಹಾಕಿಸಿ ಕೊಡಿ.

ತಾರೀಕು: ಇಂಗ್ಲೆಂಡಿನಲ್ಲಿ ವೇಟ್‌ರೋಸ್‌ನಂಥ ಸೂಪರ್‌ಮಾರ್ಕೆಟ್‌ಗಳು 2022ರಲ್ಲಿ ತೆಗೆದದ್ದು ಹೆಚ್ಚಾಗಿ ಹಣ್ಣು-ತರಕಾರಿಗಳ ‘ಬೆಸ್ಟ್ ಬಿಫೋರ್’ (ಈ ತಾರೀಕಿನ ತನಕ ಗುಣಮಟ್ಟ ಚೆನ್ನಾಗಿರುತ್ತದೆ ಅನ್ನುವ ಸೂಚನೆ). ನಮ್ಮಲ್ಲಿ 2020ರ ಲೇಬಲಿಂಗ್ ನಿಯಮದ ಪ್ರಕಾರ ‘ಎಕ್ಸ್‌ಪೈರಿ’ ಅಥವಾ ‘ಯೂಸ್ ಬೈ’ (ಈ ತಾರೀಕಿನ ನಂತರ ತಿನ್ನಬಾರದು ಅನ್ನುವುದು) ಕಡ್ಡಾಯ, ‘ಬೆಸ್ಟ್ ಬಿಫೋರ್’ ಬೇಕಾದರೆ ಜೊತೆಗೆ ಹಾಕಬಹುದು. ಹಾಗಾಗಿ ಇಲ್ಲಿ ‘ತಾರೀಕು ನೋಡಬೇಡಿ, ಮೂಸಿ ನೋಡಿ’ ಅಂತ ಸಮಿತಿ ಹೇಳಕೂಡದು. ಹೇಳಬಹುದಾದದ್ದು ಇಷ್ಟು: ಪ್ಯಾಕೆಟ್ ಮನೆಗೆ ಬಂದ ದಿನವೇ ತಾರೀಕನ್ನು ದೊಡ್ಡದಾಗಿ ಮುಂಭಾಗದಲ್ಲಿ ಬರೆಯಿರಿ, ಹಳೆಯದು ಮುಂದೆ, ಹೊಸದು ಹಿಂದೆ.

ಪಾವು_ಸೇರು

ಒಂದು ಸೇರಿಸುತ್ತೇನೆ. ಹತ್ತು ನಿಮಿಷದ ಡೆಲಿವರಿ ಆ್ಯಪ್‌ಗಳಲ್ಲಿ ಫ್ರೀ ಡೆಲಿವರಿಗೆ ಇನ್ನು 40 ರೂಪಾಯಿ ಬೇಕು ಅಂತ ತೋರಿಸಿದಾಗ ಕೈ ಹೋಗುವುದು ಬ್ರೆಡ್ಡು, ಬಾಳೆಹಣ್ಣು, ಪುದೀನದಂಥ ಅಗ್ಗದ, ಬೇಗ ಕೆಡುವ ವಸ್ತುವಿಗೆ. ಡೆಲಿವರಿಗೆ ಕೊಟ್ಟ 25 ರೂಪಾಯಿ ನಷ್ಟದಂತೆ ಚುಚ್ಚುತ್ತದೆ, ಕೊಳೆತ ಪುದೀನ ಯಾವ ಲೆಕ್ಕಕ್ಕೂ ಬರುವುದಿಲ್ಲ. ಮೊತ್ತ ತುಂಬಿಸಲೇಬೇಕು ಅಂದರೆ ಉಪ್ಪು, ಬೆಂಕಿಪೊಟ್ಟಣ, ಪಾತ್ರೆ ಸೋಪು, ತೊಗರಿಬೇಳೆ. ಈ ನಾಲ್ಕರ ಹೆಸರನ್ನು ನಿಮ್ಮ ವಾಟ್ಸಾಪ್ ಗುಂಪಿನಲ್ಲಿ ಪಿನ್ ಮಾಡಿ, ಪೋಸ್ಟರಿನ ಜಾಗದಲ್ಲಿ ಅದೇ ಸಾಕು.